ಜೀವವಿಜ್ಞಾನಿ ಎಲಿಜಬೆತ್ ಬ್ಲ್ಯಾಕ್‌ಬರ್ನ್ ಅವರ ಸಂಶೋಧನೆಗೂ ಮುಪ್ಪಿಗೂ ಏನು ಸಂಬಂಧ?

ಸಂಬಂಧ ಇರುವುದು ಕ್ರೋಮೋಸೋಮಿನ, ಅಂದರೆ ಜೀವಕೋಶದೊಳಗಿನ ಡಿಎನ್‌ಎ ಎಳೆಯ, ತುದಿಯಲ್ಲಿ. ಆ ತುದಿಗೆ ಟೆಲೋಮಿಯರ್ ಅಂತ ಹೆಸರು. ಪುಸ್ತಕದ ಕೊನೆಗೆ ಬಿಟ್ಟಿರುವ ಖಾಲಿ ಹಾಳೆಗಳ ಥರ ಅಂದುಕೊಳ್ಳಿ. ಜೀವಕೋಶ ಒಡೆದು ಎರಡಾಗುವಾಗ ಡಿಎನ್‌ಎ ನಕಲು ತುತ್ತತುದಿಯವರೆಗೆ ಪೂರ್ತಿ ಆಗುವುದಿಲ್ಲ. ಪ್ರತಿ ಸಲ ಒಂದಿಷ್ಟು ಹಾಳೆ ಹೋಗುತ್ತದೆ. ಅವು ಮುಗಿಯುತ್ತಾ ಬಂದಾಗ ಕೋಶ ಒಡೆಯುವುದನ್ನೇ ನಿಲ್ಲಿಸಿಬಿಡುತ್ತದೆ. ಮುಪ್ಪಿಗೆ ಇದೂ ಒಂದು ಕಾರಣ.

ಬ್ಲ್ಯಾಕ್‌ಬರ್ನ್ ಆರಿಸಿಕೊಂಡದ್ದು ಟೆಟ್ರಾಹೈಮೆನಾ ಎಂಬ, ಕೊಳದಲ್ಲಿರುವ ಒಂದೇ ಕೋಶದ ಜೀವಿಯನ್ನು. ಜಾಣ ಆಯ್ಕೆ. ಅದರೊಳಗೆ ಪುಟ್ಟ ಕ್ರೋಮೋಸೋಮುಗಳು ಸಾವಿರಗಟ್ಟಲೆ. ಅಂದಮೇಲೆ ತುದಿಗಳೂ ಜಾಸ್ತಿ ಅಲ್ವಾ! ಜೋಸೆಫ್ ಗಾಲ್ ಎಂಬ ವಿಜ್ಞಾನಿಯ ಜೊತೆ 1978ರಲ್ಲಿ ಪ್ರಕಟಿಸಿದ್ದು ಇಷ್ಟು: ಆ ತುದಿಗಳಲ್ಲಿ ಟಿಟಿಜಿಜಿಜಿಜಿ ಎಂಬ ಡಿಎನ್‌ಎಯ ಆರು ಅಕ್ಷರ ಮತ್ತೆ ಮತ್ತೆ ಬರುತ್ತದೆ, ಮಗ್ಗಿ ಒಪ್ಪಿಸಿದ ಹಾಗೆ. ಮನುಷ್ಯರಲ್ಲಿ ಅದು ಟಿಟಿಎಜಿಜಿಜಿ. 1984ರ ಕ್ರಿಸ್‌ಮಸ್ ದಿನ ಬ್ಲ್ಯಾಕ್‌ಬರ್ನ್ ಅವರ ವಿದ್ಯಾರ್ಥಿನಿ ಕ್ಯಾರಲ್ ಗ್ರೈಡರ್‌ಗೆ ಈ ತುದಿಯನ್ನು ಬೆಳೆಸುವ ಕಿಣ್ವದ ಸುಳಿವು ಸಿಕ್ಕಿತು. ಅದೇ ಟೆಲೋಮರೇಸ್. 2009ರಲ್ಲಿ ಇವರಿಬ್ಬರಿಗೂ ಟೆಲೋಮಿಯರ್ ಬಗ್ಗೆಯೇ ಕೆಲಸ ಮಾಡಿದ್ದ ಜಾಕ್ ಶೋಸ್ಟಾಕ್‌ಗೂ ನೊಬೆಲ್ ಬಂತು.

ಹಾಗಾದರೆ ಟೆಲೋಮರೇಸ್ ಹೆಚ್ಚಿಸಿಕೊಂಡರೆ ಮುಪ್ಪೇ ಬರುವುದಿಲ್ಲವೇ? ಸುಮ್ನೆ ಆಸೆ ಇಟ್ಟುಕೊಳ್ಳಬೇಡಿ. ಹೆಚ್ಚಿನ ಕ್ಯಾನ್ಸರ್ ಕೋಶಗಳು ನಿಲ್ಲದೆ ಒಡೆಯುತ್ತಾ ಹೋಗುವುದು ಇದೇ ಕಿಣ್ವದ ಬಲದಿಂದ.