ತಾಯಿ ಮೊಲ ಮರಿಗಳನ್ನು ಬಿಟ್ಟಿಲ್ಲ, ಫಿಲ್ಲರ್ ಕೆಳಗಿಡಿ

ಕಡೂರಿನ ಅಕ್ಕ, ಮೊಲ ಮರಿ ಹಾಕಿ ಎರಡು ದಿನವಾದರೂ ಹತ್ತಿರ ಸುಳಿಯುತ್ತಿಲ್ಲ, ಫಿಲ್ಲರಿನಲ್ಲಿ ಹಸುವಿನ ಹಾಲು ಹಾಕುತ್ತಿದ್ದೇವೆ ಎಂದು ಬರೆದಿದ್ದೀರಿ. ಮೊದಲು ಅದನ್ನು ನಿಲ್ಲಿಸಿ. ಬೇಸರ ಮಾಡಿಕೊಳ್ಳಬೇಡಿ, ಇದೇ ಕೆಲಸ ಮಾಡಿ ನಾಲ್ಕು ಮರಿ ಕಳೆದುಕೊಂಡವನು ನಾನು.

ನಮ್ಮದು ಸಕಲೇಶಪುರದ ಕಡೆ. ಮೊದಲ ಸೂಲಿನಲ್ಲಿ ಏಳು ಮರಿ. ಹಗಲೆಲ್ಲ ಕಾದೆ. ತಾಯಿ ಮೂಲೆಯಲ್ಲಿ ಕೂತು ಗರಿಕೆ ಮೆಲ್ಲುತ್ತಿತ್ತೇ ಹೊರತು ಪೆಟ್ಟಿಗೆಯ ಕಡೆ (ಮರಿಗಳಿದ್ದ ಪೆಟ್ಟಿಗೆ) ತಿರುಗಲಿಲ್ಲ. ಕರುಳು ಚುರುಕ್ ಎಂದು, ಮರಿಯನ್ನು ಅಂಗೈಯಲ್ಲಿ ಅಂಗಾತ ಮಲಗಿಸಿ ಹಾಲು ಬಿಟ್ಟೆ. ಒಂದರ ಮೂಗಿನಿಂದ ಹಾಲಿನ ಗುಳ್ಳೆ ಬಂತು, ರಾತ್ರಿಯೊಳಗೆ ಹೋಯಿತು. ಇನ್ನು ಮೂರು ಹೊಟ್ಟೆ ಉಬ್ಬಿ ಭೇದಿಯಾಗಿ ಹೋದವು. ಐದನೆಯ ದಿನ ಬೆಳಗಿನ ಜಾವ ಹಂಡೆಗೆ ಬೆಂಕಿ ಹಾಕಲು ಎದ್ದವನು ನೋಡುತ್ತೇನೆ, ತಾಯಿ ಪೆಟ್ಟಿಗೆಯೊಳಗೆ ನಿಂತಿದೆ, ಅಡಿಯಲ್ಲಿ ಉಳಿದ ಮೂರೂ ಚೀಪುತ್ತಿವೆ! ಮೂರ್ನಾಲ್ಕು ನಿಮಿಷ, ಅಷ್ಟೇ. ಹೊರಗೆ ಹಾರಿ ಏನೂ ಆಗದ ಹಾಗೆ ಮುಖ ಉಜ್ಜಿಕೊಂಡಿತು. ಮರಿಯ ಹೊಟ್ಟೆಯ ತೆಳು ಚರ್ಮದೊಳಗೆ ಹಾಲು ಬೆಳ್ಳಗೆ ಕಾಣುತ್ತಿತ್ತು. ಅದರ ಜಾತಿಯೇ ಹಾಗೆ. ದಿನಕ್ಕೆ ಒಂದು ಸಲ, ಹೆಚ್ಚೆಂದರೆ ಎರಡು. ಹಾಲು ಹಸುವಿನದಕ್ಕಿಂತ ಬಹಳ ಗಟ್ಟಿ, ಅಷ್ಟು ಸಾಕು.

ಅಂದಿನಿಂದ ನಾನು ನಂಬುವುದು ಅಡುಗೆಮನೆಯ ಡಿಜಿಟಲ್ ತಕ್ಕಡಿಯನ್ನು ಮಾತ್ರ. ಬಟ್ಟಲಿಗೆ ಬಟ್ಟೆ ಹಾಸಿ, ಸೊನ್ನೆ ಮಾಡಿ, ಒಂದೊಂದೇ ಮರಿ ಇಡಿ. ಹುಟ್ಟಿದಾಗ 40ರಿಂದ 60 ಗ್ರಾಂ ಇರುತ್ತದೆ, ವಾರದ ಹೊತ್ತಿಗೆ ಹೆಚ್ಚುಕಡಿಮೆ ಎರಡರಷ್ಟಾಗಬೇಕು. ರಾತ್ರಿಗಿಂತ ಬೆಳಿಗ್ಗೆ ತೂಕ ಏರಿದ್ದರೆ ತಾಯಿ ಕುಡಿಸಿದೆ ಎಂದೇ ಅರ್ಥ. ಗುರುತಿಗೆ ಕಿವಿಯ ಮೇಲೆ ಸ್ಕೆಚ್ ಪೆನ್ನಿನ ಚುಕ್ಕೆ ಸಾಕು. ಮನುಷ್ಯರ ವಾಸನೆ ತಾಗಿದರೆ ತಾಯಿ ಬಿಡುತ್ತದೆ ಎಂದು ಮೇಲೆ ಒಬ್ಬರು ಬರೆದಿದ್ದಾರೆ. ದಿನವೂ ಹುಲ್ಲು ಹಾಕುವ ಕೈಯ ವಾಸನೆ ಅದಕ್ಕೆ ಹೊಸದೇ? ಹೆದರಿಸದೆ ಮುಟ್ಟಿ, ಅಷ್ಟೇ.

ಚರ್ಮ ಸುಕ್ಕಾಗಿ, ಮೈ ತಣ್ಣಗಾಗಿ, ತೂಕ ಇಳಿಯುತ್ತಿದ್ದರೆ ಮಾತು ಬೇರೆ. ಆಗ ಮೊದಲು ಮೈ ಬಿಸಿಯಾಗಲಿ, ಆಮೇಲೆ ಹಾಲು. ತಣ್ಣಗಿರುವ ಮರಿಗೆ ಕುಡಿಸಬೇಡಿ. ಬೆಕ್ಕಿನ ಮರಿಗೆಂದು ಬರುವ ಹಾಲಿನ ಪುಡಿ ನೋಡಿ. ರಾಯಲ್ ಕ್ಯಾನಿನ್ ಕಂಪನಿಯದು ದುಬಾರಿ, ಆದರೆ ನನಗೆ ಕೈಕೊಟ್ಟಿಲ್ಲ. ಅದು ಸಿಗುವವರೆಗೆ ಆಡಿನ ಹಾಲು. ಮರಿ ಹೊಟ್ಟೆ ಅಡಿಯಾಗಿ, ತಲೆ ಸ್ವಲ್ಪ ಎತ್ತಿರಬೇಕು. ತಾಯಿಯ ಕೆಳಗೆ ಅಂಗಾತವೇ ಕುಡಿಯುತ್ತವೆ ನಿಜ. ಅಲ್ಲಿ ಮರಿ ಚೀಪುತ್ತದೆ, ಇಲ್ಲಿ ನಾವು ಸುರಿಯುತ್ತೇವೆ.

ಗಂಡು ಅದೇ ಗೂಡಿನಲ್ಲಿದ್ದರೆ ಇಂದೇ ಬೇರೆ ಮಾಡಿ. ಈದ ದಿನವೇ ಮತ್ತೆ ಗಬ್ಬ ನಿಲ್ಲುತ್ತದೆ, 31 ದಿನಕ್ಕೆ ಇನ್ನೊಂದು ಸೂಲು. ಗೂಡಿನ ಕಾಲುಗಳನ್ನು ನೀರಿನ ಬಟ್ಟಲಲ್ಲಿಡಿ. ನಮ್ಮ ಮಳೆಗಾಲದಲ್ಲಿ ಹಾವಿಗಿಂತ ಇರುವೆಯದೇ ಕಾಟ. ಬಲ್ಬ್ ಹಾಕುವುದಾದರೆ ಪೆಟ್ಟಿಗೆಯ ಒಂದು ಕಡೆ ಮಾತ್ರ, ಸೆಕೆಯಾದ ಮರಿ ಸರಿದುಕೊಳ್ಳಲು ಜಾಗವಿರಲಿ. ತಾಯಿ ಕಿತ್ತು ಹಾಸಿದ ತುಪ್ಪಳವನ್ನು ಕಸವೆಂದು ಗುಡಿಸಬೇಡಿ. ನನ್ನ ಅತ್ತೆ ಗುಡಿಸಿಬಿಟ್ಟಿದ್ದರು.

ಹತ್ತು ಹನ್ನೆರಡು ದಿನಕ್ಕೆ ಕಣ್ಣು ಬಿಡುತ್ತವೆ, ಮೂರನೆಯ ವಾರ ಹುಲ್ಲು ಕಡಿಯಲು ಶುರು. ಮುದ್ದು ಎಂದು ಎಲೆಕೋಸು ಕೊಟ್ಟೀರಿ ಜೋಕೆ. ಒಣಹುಲ್ಲು ಸದಾ ಇರಲಿ, ಹಸಿ ಸೊಪ್ಪು ಆಮೇಲೆ, ಚಿಟಿಕೆಯಿಂದ ಶುರುಮಾಡಿ, ಮಳೆನೀರು ಆರಿಸಿ. ಅಂಗಡಿಯಲ್ಲಿ ಸಿಗುವ ಬಣ್ಣಬಣ್ಣದ ಬೀಜದ ಮಿಶ್ರಣ ಹಕ್ಕಿಗಳಿಗಿರಲಿ. ಭೇದಿ ಕಂಡರೆ ಮನೆಯಲ್ಲಿರುವ ಅಮಾಕ್ಸಿಸಿಲಿನ್ ಎಂಬ ಆ್ಯಂಟಿಬಯಾಟಿಕ್ ಮಾತ್ರೆ ಪುಡಿಮಾಡಿ ಬಾಯಿಗೆ ಹಾಕಬೇಡಿ, ಮೊಲಕ್ಕೆ ಅದು ವಿಷ. ಚಿಗಟಕ್ಕೆ ನಾಯಿಯ ಫಿಪ್ರೊನಿಲ್ ಹನಿಯೂ ಬೇಡ. ಹಾಸನದ ಪಶುವೈದ್ಯಕೀಯ ಕಾಲೇಜು ನಿಮಗೆ ಬಸ್ಸಿನ ದೂರದಲ್ಲೇ ಇದೆ.

ಕಾಫಿ ತೋಟದಲ್ಲಿ ಸಿಕ್ಕ ಮರಿಯ ಚಿತ್ರ ಹಾಕಿದ ಮೂಡಿಗೆರೆಯವರೇ, ಹುಟ್ಟಿದ ಕೂಡಲೇ ಕಣ್ಣು ಬಿಟ್ಟು ಮೈತುಂಬ ಕೂದಲಿದ್ದರೆ ಅದು ಕಾಡು ಮೊಲ. 1972ರ ವನ್ಯಜೀವಿ ಕಾಯ್ದೆಯಡಿ ಸಾಕುವಂತಿಲ್ಲ. ಎತ್ತಿದ ಜಾಗದಲ್ಲೇ ಬಿಡಿ, ಸಂಜೆ ತಾಯಿ ಬರುತ್ತದೆ.

ಅಕ್ಕ, ಇಂದು ರಾತ್ರಿ ಮಲಗುವ ಮುಂಚೆ ಒಮ್ಮೆ ತೂಗಿ ಬರೆದಿಡಿ. ಬೆಳಿಗ್ಗೆ ಏಳಕ್ಕೆ ಇನ್ನೊಮ್ಮೆ ತೂಗಿ, ಎರಡೂ ಲೆಕ್ಕ ಇಲ್ಲಿ ಹಾಕಿ.