ಅಳುವವಳೂ ಅವಳೇ, ಗಂಟು ಬಿಚ್ಚುವವಳೂ ಅವಳೇ

ಪ್ರಶ್ನೆ: ಜಪಾನಿನ ಹಳೆಯ ಮೂಕಿ ಚಿತ್ರಗಳ ನಾಯಕಿಯರು ಗಂಡಸರಿಗಾಗಿ ಅತ್ತು ಅತ್ತು ಸಾಯುತ್ತಾರೆ. ಅವರನ್ನು ಗಟ್ಟಿಗಿತ್ತಿಯರೆಂದು ಕಳೆದ ಸಂಚಿಕೆಯಲ್ಲಿ ಹೊಗಳಿದ್ದೇಕೆ?
– ಓದುಗರೊಬ್ಬರು, ಮೈಸೂರು

ಸಂಪಾದಕರ ಉತ್ತರ: ಅಳುತ್ತಾರೆ, ಒಪ್ಪಿದೆ. ಸಾಯುವುದೂ ಉಂಟು. ಆದರೆ ಸ್ವಾಮಿ, ನೀವು ಕೊನೆಯ ರೀಲು ನೋಡಿ ತೀರ್ಪು ಬರೆದಂತಿದೆ. ಯಾವ ಚಿತ್ರವಾದರೂ ನಾನು ಮೊದಲು ಗಮನಿಸುವುದು ದುಡ್ಡು ಯಾರ ಗಂಟಿನಿಂದ ಹೊರಬರುತ್ತದೆ ಎಂಬುದನ್ನು.

ಮಿಜೊಗುಚಿ ನಿರ್ದೇಶಿಸಿದ, 1933ರ 'ತಾಕಿ ನೊ ಶಿರಾಇತೊ' ತೆಗೆದುಕೊಳ್ಳಿ. ನೀರಿನ ಚಮತ್ಕಾರ ತೋರಿಸಿ ಊರೂರು ಅಲೆಯುವ ಕಲಾವಿದೆ, ಕೆಲಸ ಕಳೆದುಕೊಂಡ ಕುದುರೆಗಾಡಿಯವನೊಬ್ಬನನ್ನು ಕಾನೂನು ಓದಲು ತೋಕಿಯೋಗೆ ಕಳುಹಿಸುತ್ತಾಳೆ. ಖರ್ಚೆಲ್ಲ ಅವಳದು. ಕೊಲೆ ಆರೋಪದ ಮೇಲೆ ಅವಳು ಕಟಕಟೆಯಲ್ಲಿ ನಿಂತಾಗ ಎದುರಿಗಿರುವ ಸರ್ಕಾರಿ ವಕೀಲ ಅವನೇ! ಅವನ ಕರಿಕೋಟಿನ ಹಿಂದಿರುವುದು ಅವಳ ದುಡಿಮೆ. ತೆರೆಯ ಹೊರಗೂ ಅದೇ ಕತೆ: ನಾಯಕಿಯಾದ ಇರಿಯೆ ತಕಾಕೊ ಅವರ ಸ್ವಂತ ಸಂಸ್ಥೆಯೇ ಆ ಚಿತ್ರವನ್ನು ತಯಾರಿಸಿದ್ದು. ಹಿಂದೊಮ್ಮೆ ಚಿತ್ರ ಸಮಾಜವೊಂದರಲ್ಲಿ ಈ ಚಿತ್ರದ ಬಗ್ಗೆ ಒಂದು ಗಂಟೆ ಚರ್ಚೆ ನಡೆಯಿತು. ನಿರ್ದೇಶಕರ ಹೆಸರಿನ ಜಪವೋ ಜಪ. ಕಡೆಗೆ ವಂದನಾರ್ಪಣೆಗೆ ಎದ್ದವರು, "ನಾಯಕಿಯೂ ಚೆನ್ನಾಗಿ ಮಾಡಿದ್ದಾರೆ" ಎಂದು ಕೈತೊಳೆದುಕೊಂಡರು. ಮೈ ಉರಿಯಿತು.

ಅದೇ ವರ್ಷದ್ದು ನಿರ್ದೇಶಕ ನರುಸೆಯ 'ಯೊಗೊತೊ ನೊ ಯುಮೆ'. ಕುರಿಶಿಮಾ ಸುಮಿಕೊ ಅದರಲ್ಲಿ ಬಂದರಿನ ಬಾರೊಂದರಲ್ಲಿ ದುಡಿದು ಮಗನನ್ನು ಸಾಕುವ ತಾಯಿ. ಬಿಟ್ಟುಹೋಗಿದ್ದ ಗಂಡ ಮರಳಿ ಬರುತ್ತಾನೆ, ಕೆಲಸ ಸಿಗುವುದಿಲ್ಲ, ಮಗನ ಚಿಕಿತ್ಸೆಗೆಂದು ಕದಿಯುತ್ತಾನೆ, ನೀರಿಗೆ ಹಾರುತ್ತಾನೆ. ಅವನು ಬರೆದಿಟ್ಟ ಪತ್ರ ಓದಿದವಳು ಅದನ್ನು ಎದೆಗೊತ್ತಿಕೊಂಡು ಕೂರುವುದಿಲ್ಲ. ಹೇಡಿ ಎಂದು ಬೈದು ಹರಿದುಹಾಕುತ್ತಾಳೆ. ಇದು ನಿಮಗೆ ಬರೀ ಅಳುವಾಗಿ ಕಂಡಿತೇ?

ಇನ್ನೊಂದು ಮಾತು. ಜಪಾನಿನ ಚಿತ್ರಗಳಲ್ಲಿ ಬಹುಕಾಲ ಹೆಣ್ಣಿನ ಪಾತ್ರವನ್ನು ಗಂಡಸರೇ ಮಾಡುತ್ತಿದ್ದರು. 1921ರಲ್ಲಿ ತೆರೆಗೆ ಬಂದ ಕುರಿಶಿಮಾ ನಟಿಯರ ಮೊದಲ ಸಾಲಿನವರು. ಬಂದ ಮೇಲೂ ದನಿ ಸಿಗಲಿಲ್ಲ. ತೆರೆಯ ಪಕ್ಕದಲ್ಲಿ ನಿಂತು ಎಲ್ಲರ ಮಾತನ್ನೂ ಆಡುತ್ತಿದ್ದ ಬೆನ್ಶಿ, ಹೆಚ್ಚಾಗಿ ಗಂಡಸೇ. ಅಂದರೆ ಅವಳ ಅಳುವೂ ಅವನ ಗಂಟಲಿನದು! ಅವಳದೆಂದು ಉಳಿದದ್ದು ಕಣ್ಣು, ಕುತ್ತಿಗೆ, ಕೈಬೆರಳು. ಅಷ್ಟರಲ್ಲೇ ಗೆದ್ದವರನ್ನು ಕಥಾಸಾರ ಓದಿ ಅಳೆಯುವ ಚಾಳಿ ನಿಮ್ಮೊಬ್ಬರದಲ್ಲ. ಈಗ ಚಿತ್ರವನ್ನೂ ಮೊಬೈಲಿನಲ್ಲಿ ಓಡಿಸಿ ಓಡಿಸಿ ನೋಡುತ್ತಾರೆ. ಮೂಕಿ ಚಿತ್ರದಲ್ಲಿ ಕಣ್ಣು ತಪ್ಪಿದರೆ ಉಳಿಯುವುದೇನು?

ನಿಮ್ಮ ಅಕ್ಷರ ಮುದ್ದಾಗಿದೆ, ತಕರಾರೂ ಚುರುಕಾಗಿದೆ. ಆ ಪತ್ರ ಹರಿಯುವ ದೃಶ್ಯವನ್ನು ನಿಧಾನವಾಗಿ ನೋಡಿ ಮತ್ತೆ ಬರೆಯಿರಿ. ಈ ಸಲ ಕಾರ್ಡು ಸಾಲದು, ಇನ್‌ಲ್ಯಾಂಡ್ ಲೆಟರೇ ಇರಲಿ.