ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ ಅಂದರೇನು, ಸುಬೇದಾರ್ ಸಾಹೇಬರೇ?

ಸುಬೇದಾರ್ ಸಾಹೇಬರಿಗೆ ನಮಸ್ಕಾರ.

ನಿಮ್ಮ ಏರ್ ಡಿಫೆನ್ಸ್ ರೆಜಿಮೆಂಟಿನ ಇತಿಹಾಸ ಕೈಸೇರಿದೆ. ಓದಿದೆ, ಸಿಟ್ಟು ಬಂತು, ಎತ್ತಿಟ್ಟೆ, ಮತ್ತೆ ಓದಿದೆ. ಒಳ್ಳೆಯದನ್ನು ಮೊದಲೇ ಹೇಳಿ ಮುಗಿಸಿಬಿಡುತ್ತೇನೆ. ಕೈಬರಹ ಚೆನ್ನಾಗಿದೆ. ಆರ್ಟಿಲರಿಯ, ಅಂದರೆ ಫಿರಂಗಿ ದಳದ ಒಳಗಿದ್ದ ನೀವು 1994ರ ಜನವರಿ 10ರಂದು ಬೇರೆ ಕೋರ್ ಆದದ್ದು, ಗೋಪಾಲಪುರದ ಕಡಲ ದಂಡೆಯ ಫೈರಿಂಗ್ ತರಬೇತಿ, ಎಲ್ಲ ಕ್ರಮವಾಗಿ ಬಂದಿದೆ. ಕೊಡಗಿನಲ್ಲಿ ಇನ್‌ಫೆಂಟ್ರಿಯವರ ಕಥೆ ಮನೆಗೊಂದು ಸಿಗುತ್ತದೆ. ವಿಮಾನ ಹೊಡೆಯುವ ಗನ್ನಿನವರ ಕಥೆ ನಮ್ಮ ಪತ್ರಿಕೆಗೆ ಬಂದದ್ದು ಇದೇ ಮೊದಲು. ಅದಕ್ಕೇ ಸಿಟ್ಟೂ ಜಾಸ್ತಿ.

ಒಂಬತ್ತನೇ ಪುಟಕ್ಕೆ ಬನ್ನಿ. 1971ರ ಪಾಕಿಸ್ತಾನದ ಜೊತೆಗಿನ ಯುದ್ಧ, ಪಂಜಾಬಿನ ವಾಯುನೆಲೆ, ವಿಮಾನ ಹೊಡೆಯುವ ಎಲ್-70 ಗನ್ನಿನ ಪಕ್ಕದಲ್ಲಿ ನೀವೇ ನಿಂತಿದ್ದೀರಿ. ಇಡೀ ಯುದ್ಧಕ್ಕೆ ನೀವು ಕೊಟ್ಟಿರುವುದು ನಾಲ್ಕು ವಾಕ್ಯ! ಕಮಾಂಡಿಂಗ್ ಆಫೀಸರ್‌ಗಳು ಬಂದು ಹೋದ ವಿವರಕ್ಕೆ ಮೂರು ಪುಟ.

ಮೊದಲನೇ ವಾಕ್ಯ: "ಡಿಸೆಂಬರ್ 3ರ ಸಂಜೆ ಶತ್ರು ವಿಮಾನಗಳು ಹೇಡಿಗಳಂತೆ ದಾಳಿ ಮಾಡಿದವು." ಮೊದಲು ಕೇಳಿಸಿದ್ದು ಸೈರನ್ನೋ, ಎಂಜಿನ್ನೋ? ಕೂಗಿದ್ದು ಯಾರು? ಬೆಳಕು ಎಷ್ಟಿತ್ತು? ಒಂದೂ ಇಲ್ಲ, ಬರೀ ಬೈಗುಳ. ನಿಮ್ಮಷ್ಟು ಗನ್ ಕಂಡವರು ಹೀಗೆ ಬರೆಯಬಾರದು. ಗನ್ನುಗಳು ಕಾದು ಕೂತಿವೆ ಅಂತ ಗೊತ್ತಿದ್ದೂ ತಗ್ಗಿನಲ್ಲಿ ಹಾರಿ ಬರುವವನು ಯಾವ ದೇಶದವನಾದರೂ ಹೇಡಿ ಅಲ್ಲ. ನಮ್ಮ ಫೀಲ್ಡ್ ಮಾರ್ಷಲ್ ಕಾರ್ಯಪ್ಪನವರ ಮಗ ನಂದಾ ಕಾರ್ಯಪ್ಪ 1965ರ ಸೆಪ್ಟೆಂಬರ್ 22ರಂದು ಹಂಟರ್ ವಿಮಾನದಲ್ಲಿ ಹಾಗೇ ಹೋಗಿದ್ದರು. ನೆಲದ ಗುಂಡು ತಗುಲಿ, ಪ್ಯಾರಾಚೂಟಿನಲ್ಲಿ ಇಳಿದು ಸೆರೆಯಾದರು. ಅವರನ್ನು ಹೊಡೆದ ಗನ್ನಿನವನು ತನ್ನ ರೆಜಿಮೆಂಟಿನ ಇತಿಹಾಸದಲ್ಲಿ 'ಹೇಡಿ' ಅಂತ ಬರೆದರೆ ನೀವೂ ನಾನೂ ಸುಮ್ನೆ ಇರುತ್ತೇವಾ?

ಎರಡನೇದು: "ನಮ್ಮ ವೀರ ಯೋಧರು ಗುಂಡಿನ ಮಳೆಗರೆದರು." ಮಳೆ ಬೇಡ ಸಾಹೇಬರೇ, ಅದು ನಮ್ಮಲ್ಲಿ ಬೇಕಾದಷ್ಟಿದೆ. ಲೆಕ್ಕ ಹಾಕೋಣ. ಎಲ್-70 ನಿಮಿಷಕ್ಕೆ 240 ಗುಂಡು ಹಾರಿಸುತ್ತದೆ, ಅಂದರೆ ಸೆಕೆಂಡಿಗೆ 4. ಗುಂಡು ಜೋಡಿಸಿಟ್ಟ ಒಂದು ಕ್ಲಿಪ್ಪಿನಲ್ಲಿ ಇರುವುದೂ 4. ಒಂದೊಂದು ಗುಂಡು ಸುಮಾರು ಎರಡೂವರೆ ಕೆಜಿ. ಗನ್ ಬಾಯಿ ಮುಚ್ಚದೆ ಹಾರಿಸುತ್ತಿದ್ದರೆ ಲೋಡರ್ ಸೆಕೆಂಡಿಗೆ ಹತ್ತು ಕೆಜಿ ಎತ್ತಿ ತುಂಬಬೇಕು. ವಿಮಾನ ಗುಂಡಿನ ಅಳತೆಯೊಳಗೆ ಇರುವುದೇ ಹತ್ತು ಹದಿನೈದು ಸೆಕೆಂಡು. ಆ ಲೋಡರ್ ಯಾರು? ಯಾವ ಊರಿನವನು? ಅವನ ತೋಳು ಮಾರನೇ ದಿನ ಹೇಗಿತ್ತು? ನಿಮ್ಮ 'ವೀರ ಯೋಧರು' ಅನ್ನುವ ಎರಡು ಪದದಲ್ಲಿ ಅವನು ಮುಳುಗಿ ಹೋಗಿದ್ದಾನೆ.

ಮೂರನೇದು: "ಹಲವಾರು ಶತ್ರು ವಿಮಾನಗಳನ್ನು ನೆಲಕ್ಕುರುಳಿಸಲಾಯಿತು."

ನಾನು ಕೆಲಸ ಕಲಿತದ್ದು ಮಡಿಕೇರಿಯ ಒಂದು ಸಣ್ಣ ಪತ್ರಿಕೆಯಲ್ಲಿ. ಸೋಮವಾರಪೇಟೆ, ಪೊನ್ನಂಪೇಟೆ ಕಡೆಯಿಂದ ಬಂದ ಸುದ್ದಿಗಳನ್ನು ಸಂಜೆ ನಾನು ಗಟ್ಟಿಯಾಗಿ ಓದಬೇಕಿತ್ತು. ಸಂಪಾದಕರು ಕುರ್ಚಿಗೆ ಒರಗಿ ಕಣ್ಣು ಮುಚ್ಚಿ ಕೇಳುತ್ತಿದ್ದರು. "ಆನೆ ದಾಳಿ, ಅಪಾರ ಕಾಫಿ ಗಿಡ ನಾಶ" ಅಂದ ಕೂಡಲೇ ಕೈ ಮೇಲೆ. "ಯಾರು ಎಣಿಸಿದ್ದು?" ಟ್ರಂಕ್ ಕಾಲ್ ಬುಕ್ ಮಾಡಿ ತೋಟದ ಲೆಕ್ಕ ಬರೆಯುವ ರೈಟರನ್ನು ಹಿಡಿದು ಗಿಡದ ಲೆಕ್ಕ ತೆಗೆಸುವವರೆಗೆ ಆ ಸುದ್ದಿ ಮುಂದೆ ಹೋಗುತ್ತಿರಲಿಲ್ಲ. ನನ್ನ ಸಂಬಳದ ದಿನ ಈ ಎಣಿಕೆಯ ಶಿಸ್ತು ಅವರಿಗೆ ಮರೆತು ಹೋಗುತ್ತಿತ್ತು, ಅದು ಬೇರೆ ಮಾತು. ಆದರೆ ಆ ಪ್ರಶ್ನೆ ನನ್ನ ಕಿವಿಯಲ್ಲಿ ಕೂತುಬಿಟ್ಟಿದೆ, ಈಗ ನಿಮ್ಮನ್ನೂ ಕೇಳುತ್ತೇನೆ. ಹಲವಾರು ಅಂದರೆ ಎಷ್ಟು? ಯಾರು ನೋಡಿದ್ದು? ಎಲ್ಲಿ ಬಿದ್ದವು? ಒಂದೇ ವಿಮಾನಕ್ಕೆ ಸುತ್ತಲಿನ ಗನ್ನುಗಳೆಲ್ಲ ಗುಂಡು ಹಾರಿಸಿರುತ್ತವೆ, ಬಿದ್ದರೆ ಎಲ್ಲರೂ ನಮ್ಮದೇ ಅನ್ನುತ್ತಾರೆ, ಇದು ನನಗಿಂತ ನಿಮಗೆ ಚೆನ್ನಾಗಿ ಗೊತ್ತು.

ಮಡಿಕೇರಿಯಲ್ಲಿ ಅಜ್ಜಮಾಡ ದೇವಯ್ಯನವರ ಪ್ರತಿಮೆ ನೋಡಿದ್ದೀರಿ ಅಲ್ವಾ? 1965ರ ಸೆಪ್ಟೆಂಬರ್ 7ರಂದು ಪಾಕಿಸ್ತಾನದ ಸರ್ಗೋಧಾ ವಾಯುನೆಲೆಯ ಮೇಲಿನ ದಾಳಿಯಲ್ಲಿ, ತಮ್ಮ ಹಳೇ ಮಿಸ್ಟೇರ್ ವಿಮಾನದಿಂದ ಅದಕ್ಕಿಂತ ಎಷ್ಟೋ ವೇಗದ ಸ್ಟಾರ್‌ಫೈಟರನ್ನು ಹೊಡೆದು ಕೆಡವಿ ಪ್ರಾಣ ಬಿಟ್ಟವರು. ನಮ್ಮ ಕಡೆಯವರು ಯಾರೂ ಅದನ್ನು ನೋಡಿರಲಿಲ್ಲ. ಆ ಕಡೆಯ ವಿವರಗಳು ಹೊರಗೆ ಬಂದ ಮೇಲೆ ವಿಷಯ ತಿಳಿದು, ಮಹಾವೀರ ಚಕ್ರ ಬಂದದ್ದು 1988ರಲ್ಲಿ. 23 ವರ್ಷ! ಅಂಥವರ ಊರಲ್ಲಿ ಕೂತು 'ಹಲವಾರು' ಅಂತ ಹೇಗೆ ಬರೆಯುತ್ತೀರಿ? ಒಂದೇ ವಿಮಾನ ಬಿದ್ದಿದ್ದರೆ ಒಂದು ಅನ್ನಿ. ಒಂದೂ ಬೀಳದಿದ್ದರೂ ನಾನು ಅಚ್ಚು ಹಾಕುತ್ತೇನೆ. ವಿಮಾನ ಬೀಳಲೇಬೇಕು ಅಂತೇನೂ ಇಲ್ಲವಲ್ಲ? ಗುಂಡಿಗೆ ಬೆದರಿ ಪೈಲಟ್ ಬೇಗ ಮೇಲೆದ್ದು, ಬಾಂಬು ರನ್‌ವೇ ಬಿಟ್ಟು ಯಾರದೋ ಹೊಲಕ್ಕೆ ಬಿದ್ದರೂ ನಿಮ್ಮ ಕೆಲಸ ಆದ ಹಾಗೇ.

ನಾಲ್ಕನೇ ವಾಕ್ಯಕ್ಕೆ ಪೇಪರ್ ಎತ್ತಿಟ್ಟೆ ಅಂದೆನಲ್ಲ, ಇದು: "ನಂತರದ ದಿನಗಳಲ್ಲಿ ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ."

ಅಯ್ಯೋ, ಅದನ್ನೇ ಹೇಳಿ! ಗುಂಡಿ ತೋಡಿ, ಮರಳು ಚೀಲ ಪೇರಿಸಿ, ಪಂಜಾಬಿನ ಡಿಸೆಂಬರ್ ಚಳಿಯಲ್ಲಿ ಕಬ್ಬಿಣ ಮುಟ್ಟಿಕೊಂಡು ಹಗಲೂ ರಾತ್ರಿ ಆಕಾಶ ನೋಡುತ್ತಾ ಕೂತಿರಿ. ನಿದ್ದೆ ಹೇಗೆ ಮಾಡಿದಿರಿ? ಸರದಿ ಹೇಗಿತ್ತು? ಊಟ ಗನ್ ಹತ್ತಿರವೇ ಬರುತ್ತಿತ್ತಾ? ನಮ್ಮದೇ ವಿಮಾನ ವಾಪಸ್ ಬರುವಾಗ, ಅದು ನಮ್ಮದು ಅಂತ ಗೊತ್ತಾಗುವವರೆಗೆ ಟ್ರಿಗರ್ ಹತ್ತಿರ ಇದ್ದವನ ಮುಖ ಹೇಗಿತ್ತು? ಊರಲ್ಲಿ ನಮ್ಮ ಸುಗ್ಗಿ ಹಬ್ಬ ಹುತ್ತರಿಯ ಆಸುಪಾಸಿನ ದಿನಗಳು ಅವು. ಗನ್ ಗುಂಡಿಯಲ್ಲಿ ಕೂತವರು ಯಾರಾದರೂ ಆ ಮಾತು ತೆಗೆದರಾ, ಅಥವಾ ಬೇಕೆಂದೇ ತೆಗೆಯಲಿಲ್ಲವಾ? ನಿಮ್ಮ ಕೋರ್‌ನವರ ಕೆಲಸದಲ್ಲಿ ಮುಕ್ಕಾಲು ಪಾಲು ಕಾಯುವುದೇ. ಅದನ್ನು ಬಿಟ್ಟು ಬರೆದರೆ ಉಳಿಯುವುದು ಸರ್ಕಾರಿ ಗೆಜೆಟ್.

2025ರ ಮೇ ತಿಂಗಳಲ್ಲಿ ಡ್ರೋನ್ ಹೊಡೆಯಲು ಅದೇ ಎಲ್-70 ಗನ್ನುಗಳು ನಿಂತವು, ಹೆಸರು ಟಿವಿಯಲ್ಲಿ ಬಂತು. ಆ ಗನ್ ಹೇಗಿರುತ್ತೆ ಅಂತ ಗೋಣಿಕೊಪ್ಪದ ಕಾಲೇಜು ಹುಡುಗರೂ ಕೇಳುತ್ತಿದ್ದಾರೆ. ಓದುವವರು ಇದ್ದಾರೆ ಸಾಹೇಬರೇ.

ಆದ್ದರಿಂದ ಹೀಗೆ ಮಾಡಿ. ಕಮಾಂಡಿಂಗ್ ಆಫೀಸರ್‌ಗಳ ಮೂರು ಪುಟ ನಾನು ಹಾಕುವುದಿಲ್ಲ, ಅವರಿಗೆ ಬೇಜಾರಾದರೆ ನನ್ನ ಹೆಸರು ಹೇಳಿ. ಒಂಬತ್ತನೇ ಪುಟದ ನಾಲ್ಕು ವಾಕ್ಯ ಹೊಡೆದು ಹಾಕಿ ಹತ್ತು ಪುಟ ಬರೆಯಿರಿ. ಆ ಗನ್ನಿನಲ್ಲಿ ಜೊತೆಗಿದ್ದ ನಿಮ್ಮ ಡಿಟ್ಯಾಚ್‌ಮೆಂಟಿನವರು ಯಾರಾದರೂ ಇದ್ದರೆ ಮೊದಲು ಫೋನ್ ಮಾಡಿ, ಲೋಡರ್ ಸಿಕ್ಕರೆ ಇನ್ನೂ ಒಳ್ಳೆಯದು. ಜನವರಿ ಸಂಚಿಕೆಯಲ್ಲಿ ಜಾಗ ಹಿಡಿದಿಟ್ಟಿದ್ದೇನೆ, ಡಿಸೆಂಬರ್ ಹತ್ತರೊಳಗೆ ಕೈಗೆ ಬರಬೇಕು. ಟೈಪ್ ಮಾಡಿಸುವ ಗೋಜು ಬೇಡ, ಕೈಬರಹವೇ ಸಾಕು.